ಬೇಸಿಗೆ ಬ್ಯಾಸ್ಕೆಟ್‌ಬಾಲ್ ಲೀಗ್: ಸ್ಕೋರರ್ ಮೇಜಿನ ಕಡೆಯಿಂದ ಕಂಡದ್ದು

16 ತಂಡಗಳ ನಾಕ್‌ಔಟ್ ಟೂರ್ನಿ ಇಟ್ಟರೆ ಮೊದಲ ಸುತ್ತಿಗೇ 8 ತಂಡ ಮನೆಗೆ ಹೋಗುತ್ತವೆ. ಶೂ ಕಟ್ಟಿಕೊಂಡು ಬಂದ ಅರ್ಧ ಜನಕ್ಕೆ ಆ ಬೇಸಿಗೆಯ ಬ್ಯಾಸ್ಕೆಟ್‌ಬಾಲ್ ಒಂದೇ ಸಂಜೆಗೆ ಮುಗಿಯಿತು. ಲೀಗಿನಲ್ಲಿ ಸೋತವರೂ ಮುಂದಿನ ವಾರ ಅದೇ ಹೊತ್ತಿಗೆ ಅದೇ ಕೋರ್ಟಿಗೆ ಬರಬೇಕು. ಬರುತ್ತಾರಾ ಇಲ್ಲವಾ ಅನ್ನುವುದರ ಮೇಲೆಯೇ ಉಳಿದದ್ದೆಲ್ಲ ನಿಂತಿದೆ. ಒಳ್ಳೆಯ ಆಟಗಾರರು ಸಿಕ್ಕರೆ ಲೀಗ್ ತಾನಾಗಿ ನಡೆಯುತ್ತದೆ ಅಂದುಕೊಂಡವರು ಬಹಳ. ನಾನು ಕಂಡಂತೆ ಲೀಗ್ ನಡೆಯುವುದು ವೇಳಾಪಟ್ಟಿ ಮತ್ತು ಸ್ಕೋರರ್ ಮೇಜಿನ ಬಲದಿಂದ. ಅವೆರಡು ಸಡಿಲವಾದರೆ ಎಂಥ ಆಟಗಾರರಿದ್ದರೂ ನಾಲ್ಕನೇ ವಾರಕ್ಕೆ ಹಳ್ಳ ಹಿಡಿಯುತ್ತದೆ.

ಎಷ್ಟು ತಂಡ, ಎಷ್ಟು ವಾರ

8 ತಂಡ ಹೇಳಿ ಮಾಡಿಸಿದ ಸಂಖ್ಯೆ. ಎಲ್ಲರೂ ಎಲ್ಲರ ಜೊತೆ ಒಮ್ಮೆ ಆಡಿದರೆ 7 ಸುತ್ತು, 28 ಪಂದ್ಯ. ಅದರ ಮೇಲೆ ಎರಡು ಸೆಮಿಫೈನಲ್, ಒಂದು ಫೈನಲ್ ಸೇರಿ 31. ವಾರಕ್ಕೊಂದು ಸುತ್ತು ಅಂದರೂ ಎಂಟು ವಾರದಲ್ಲಿ ಮುಗಿಯುತ್ತದೆ, ರಜೆಯೂ ಅಷ್ಟೇ ಇರುತ್ತದೆ. 10 ತಂಡ ಬಂದರೆ ಪಂದ್ಯ 45ಕ್ಕೆ ಏರುತ್ತದೆ, ಒಂಬತ್ತು ಸುತ್ತು ಬೇಕು. ಆಗ ಹೆಚ್ಚಿನವರು ಐದೈದರ ಎರಡು ಗುಂಪು ಮಾಡುತ್ತಾರೆ. ನನಗದು ಒಪ್ಪುವುದಿಲ್ಲ: ಪ್ರತಿ ಸುತ್ತಲ್ಲೂ ಗುಂಪಿಗೊಂದು ತಂಡ ಸುಮ್ಮನೆ ಕೂರುತ್ತದೆ, ಇಡೀ ಬೇಸಿಗೆಗೆ ಒಂದು ತಂಡಕ್ಕೆ ಸಿಗುವುದು ನಾಲ್ಕೇ ಪಂದ್ಯ. ಅದರ ಬದಲು ಹತ್ತೂ ತಂಡಕ್ಕೆ ಪೂರ್ತಿ ವೇಳಾಪಟ್ಟಿ ಬರೆದು ಮೊದಲ ಏಳು ಸುತ್ತು ಮಾತ್ರ ಆಡಿಸುತ್ತೇವೆ. ಪಂದ್ಯ 35 ಆಗುತ್ತವೆ, ಎಲ್ಲರಿಗೂ ಏಳೇಳು. ಪ್ರತಿಯೊಬ್ಬರೂ ಪ್ರತಿಯೊಬ್ಬರನ್ನು ಎದುರಿಸಿರುವುದಿಲ್ಲ ನಿಜ, ಆದರೆ ಆಡಿಲ್ಲ ಅಂತ ಯಾರೂ ಮುನಿಸಿಕೊಂಡು ಹೋಗುವುದಿಲ್ಲ.

ವೇಳಾಪಟ್ಟಿಗೆ ಸಾಫ್ಟ್‌ವೇರ್ ಬೇಡ, ಒಂದು ಹಾಳೆ ಸಾಕು. 1ರಿಂದ 8ರ ತನಕ ಒಂದೇ ಸಾಲಿನಲ್ಲಿ ಬರೆದು ಎರಡು ತುದಿಯಿಂದ ಜೋಡಿ ಮಾಡಿ: 1-8, 2-7, 3-6, 4-5. ಮೊದಲ ಸುತ್ತು ಆಯಿತು. ಈಗ 1 ಅಲ್ಲೇ ಕೂತಿರಲಿ, ಕೊನೆಯ 8ನ್ನು ಎತ್ತಿ 1ರ ಪಕ್ಕಕ್ಕೆ ತನ್ನಿ. ಸಾಲು 1, 8, 2, 3, 4, 5, 6, 7 ಆಯಿತು. ಜೋಡಿ 1-7, 8-6, 2-5, 3-4. ಮತ್ತೆ ಕೊನೆಯದನ್ನು ಎತ್ತಿ 1ರ ಪಕ್ಕಕ್ಕೆ: 1-6, 7-5, 8-4, 2-3. ಹೀಗೆ ಏಳು ಸುತ್ತು ಬರೆದರೆ ಒಂದು ಜೋಡಿಯೂ ಮರುಕಳಿಸುವುದಿಲ್ಲ. ತಂಡಗಳು ಬೆಸ ಸಂಖ್ಯೆಯಲ್ಲಿದ್ದರೆ ಒಂದು ಜಾಗಕ್ಕೆ 'ವಿರಾಮ' ಅಂತ ಬರೆದುಕೊಳ್ಳಿ.

ಜೋಡಿ ಹಾಕುವುದು ಸುಲಭ. ಹೊತ್ತು ಹಂಚುವುದರಲ್ಲಿ ಎಡವುತ್ತಾರೆ. ಸಂಜೆಯ ನಾಲ್ಕು ಪಂದ್ಯಗಳಲ್ಲಿ ಮೊದಲನೆಯದಕ್ಕೆ ಬಿಸಿಲಿನ ಕಾಟ, ಕೊನೆಯದಕ್ಕೆ ನೋಡುವವರು ಇರುವುದಿಲ್ಲ. ಏಳು ಸುತ್ತಿನಲ್ಲಿ ಯಾವ ತಂಡಕ್ಕೂ ಒಂದೇ ಹೊತ್ತು ಎರಡಕ್ಕಿಂತ ಹೆಚ್ಚು ಸಲ ಬರದಂತೆ ಕೈಯಾರೆ ಅದಲುಬದಲು ಮಾಡಬೇಕು. ಹೆಣ್ಣುಮಕ್ಕಳ ಪಂದ್ಯಗಳನ್ನು ಸದಾ ಮೊದಲ, ಸುಡುವ ಹೊತ್ತಿಗೆ ತಳ್ಳುವ ಅಭ್ಯಾಸ ಬಹಳ ಕಡೆ ಇದೆ. ಆಮೇಲೆ ತಂಡಗಳೇ ಬರುವುದಿಲ್ಲ ಅಂತ ಕೊರಗುತ್ತಾರೆ. ಎರಡನೇ ಹೊತ್ತಿಗೆ ಇಟ್ಟು ನೋಡಿ, ಆಟ ನೋಡಲು ಜನ ಇದ್ದಾಗ ತಂಡವೂ ಇರುತ್ತದೆ. ಹೆಣ್ಣುಮಕ್ಕಳದು ನಾಲ್ಕೇ ತಂಡ ಇದ್ದರೆ ಎರಡೆರಡು ಸಲ ಆಡಿಸಿ: 6 ಸುತ್ತು, 12 ಪಂದ್ಯ. ಅವರಿಗೆ 6ನೇ ಅಳತೆಯ ಚೆಂಡು. ಗಂಡಸರ 7ನೇ ಅಳತೆಯದನ್ನೇ ಕೊಟ್ಟು ಕೈಚೆಲ್ಲಬೇಡಿ. ಚಿಕ್ಕ ಮಕ್ಕಳಿಗೆ 5ನೇ ಅಳತೆ, ರಿಂಗ್ 2.60 ಮೀಟರ್ ಎತ್ತರದಲ್ಲಿ.

ಒಂದು ಪಂದ್ಯಕ್ಕೆ 75 ನಿಮಿಷ ಇಡಿ. ಹತ್ತು ನಿಮಿಷದ ನಾಲ್ಕು ಕ್ವಾರ್ಟರ್, ನಡುವೆ 2, 5, 2 ನಿಮಿಷ ಬಿಡುವು, ಅಲ್ಲಿಗೇ 49. ಟೈಮ್‌ಔಟ್, ಕೊನೆಯ ನಿಮಿಷಗಳ ಎಳೆದಾಟ ಸೇರಿ 65. ಹತ್ತು ನಿಮಿಷ ವಾರ್ಮ್‌ಅಪ್. ಪೂರ್ತಿ ಅಂತರರಾಷ್ಟ್ರೀಯ ನಿಯಮದಂತೆ ಸೀಟಿ ಊದಿದಾಗಲೆಲ್ಲ ಗಡಿಯಾರ ನಿಲ್ಲಿಸಿದರೆ ಒಂದು ಪಂದ್ಯ ಒಂದೂವರೆ ಗಂಟೆ ದಾಟುತ್ತದೆ, ನಾಲ್ಕನೆಯ ಪಂದ್ಯ ನಡುರಾತ್ರಿ ಮುಟ್ಟುತ್ತದೆ. ನಮ್ಮಲ್ಲಿ ಗಡಿಯಾರ ಓಡುತ್ತಲೇ ಇರುತ್ತದೆ. ನಿಲ್ಲುವುದು ಟೈಮ್‌ಔಟ್‌ಗೆ, ಗಾಯಕ್ಕೆ, ಮತ್ತು ನಾಲ್ಕನೇ ಕ್ವಾರ್ಟರಿನ ಕೊನೆಯ ಎರಡು ನಿಮಿಷದಲ್ಲಿ ಪ್ರತಿ ಸೀಟಿಗೆ. ಅದೂ ಅಂತರ 10 ಅಂಕದ ಒಳಗಿದ್ದರೆ ಮಾತ್ರ. 25 ಅಂಕ ಮುಂದಿರುವ ತಂಡದ ಎದುರು ಕೊನೆಯ ಎರಡು ನಿಮಿಷವನ್ನು ಹನ್ನೆರಡು ನಿಮಿಷ ಎಳೆಯುವುದು ಸೋಲುತ್ತಿರುವವರಿಗೆ ಕೊಡುವ ಶಿಕ್ಷೆ. ಟೈಮ್‌ಔಟ್ ಮೊದಲರ್ಧಕ್ಕೆ ಒಂದು, ದ್ವಿತೀಯಾರ್ಧಕ್ಕೆ ಎರಡು.

ತಂಡ ಕಟ್ಟುವಾಗ

ಕಟ್ಟಿಕೊಂಡು ಬಂದ ತಂಡಗಳನ್ನು ಹಾಗೇ ಸೇರಿಸಿಕೊಂಡರೆ ಕೆಲಸ ಕಡಿಮೆ, ಆಟ ಏಕಪಕ್ಷೀಯ. 80-20ರಲ್ಲಿ ಎರಡು ಸಲ ಸೋತ ತಂಡ ಮೂರನೇ ವಾರಕ್ಕೆ ಐದು ಜನಕ್ಕೆ ಇಳಿಯುತ್ತದೆ, ನಾಲ್ಕನೇ ವಾರಕ್ಕೆ ಬರುವುದೇ ಇಲ್ಲ. ಹೆಸರು ಕೊಟ್ಟವರನ್ನೆಲ್ಲ ಒಂದು ಸಂಜೆ ಆಡಿಸಿ ನೋಡಿ, 1ರಿಂದ 5ರ ತನಕ ಅಂಕ ಹಾಕಿ, ಎಂಟು ನಾಯಕರು ಸರದಿಯಲ್ಲಿ ಆರಿಸಿಕೊಳ್ಳುವುದು ಮೇಲು. ಸರದಿ 1ರಿಂದ 8, ಆಮೇಲೆ 8ರಿಂದ 1, ಮತ್ತೆ 1ರಿಂದ 8, ಹಾವಿನಂತೆ. ಅಂಕ ಹಾಕುವವರು ಮೂವರಿರಲಿ, ನಡುವಿನದನ್ನು ತೆಗೆದುಕೊಳ್ಳಿ. ಒಬ್ಬರೇ ಹಾಕಿದರೆ ಎತ್ತರದ ಹುಡುಗರಿಗೆಲ್ಲ ಕಣ್ಣುಮುಚ್ಚಿ 4 ಬೀಳುತ್ತದೆ.

'ನಾನು ಅವನ ತಂಡದಲ್ಲೇ ಆಡುತ್ತೇನೆ' ಅನ್ನುವವರು ಇದ್ದೇ ಇರುತ್ತಾರೆ. ಒಟ್ಟಿಗೆ ಬಂದು ಹೋಗುವವರು, ಅಣ್ಣತಮ್ಮಂದಿರು. ಒಬ್ಬರಿಗೆ ಒಂದೇ ಹೆಸರು ಹೇಳುವ ಅವಕಾಶ, ಇಬ್ಬರೂ ಪರಸ್ಪರ ಹೇಳಿರಬೇಕು. ಆ ಜೋಡಿಯನ್ನು ತೆಗೆದುಕೊಂಡ ನಾಯಕ ಎರಡು ಸರದಿ ಖರ್ಚು ಮಾಡಿದಂತೆ. ಮೂವರ ಗುಂಪಿಗೆ ಒಪ್ಪಬೇಡಿ, ಅಲ್ಲಿಂದಲೇ ಬಲದ ಲೆಕ್ಕ ತಪ್ಪುವುದು.

ಪಟ್ಟಿಯಲ್ಲಿ ಹೆಚ್ಚೆಂದರೆ 12, ಕಡಿಮೆ ಅಂದರೆ 9. ರಜೆಯಲ್ಲಿ ಊರಿಗೆ ಹೋಗುವವರು, ಕಾಲು ಉಳುಕಿಸಿಕೊಂಡವರು ಅಂತ ಮೂವರು ಕಳೆದರೂ ಆರು ಜನ ಉಳಿಯಬೇಕು. ಎರಡನೇ ಸುತ್ತು ಮುಗಿದ ರಾತ್ರಿಗೆ ಪಟ್ಟಿ ಬೀಗ. ಸೆಮಿಫೈನಲ್ ಆಡಬೇಕಾದರೆ ಲೀಗಿನ ಕನಿಷ್ಠ ಮೂರು ಪಂದ್ಯದಲ್ಲಿ ಕೋರ್ಟಿಗೆ ಇಳಿದಿರಬೇಕು, ಸಾಕ್ಷಿ ಸ್ಕೋರ್‌ಶೀಟು. ಈ ಎರಡು ಸಾಲು ಬರೆದಿಡದಿದ್ದರೆ ಕೊನೆಯ ವಾರ ಯಾರೂ ಕಂಡರಿಯದ ಆರೂವರೆ ಅಡಿಯ ಇಬ್ಬರು ಹಾಜರಾಗುತ್ತಾರೆ, ಏಳು ವಾರ ಬೆವರಿದವರು ಬೆಂಚಿನಲ್ಲಿ ಕೂರುತ್ತಾರೆ.

ಕೋರ್ಟು

ಅಳತೆ 28 × 15 ಮೀಟರ್, ಗೆರೆಯ ಒಳ ಅಂಚಿನಿಂದ. ನಾಲ್ಕು ಮೂಲೆಗೆ ಮೊಳೆ ಹೊಡೆದು ಹುರಿ ಎಳೆದ ಮೇಲೆ ಎರಡೂ ಕರ್ಣ ಅಳೆಯಿರಿ, 31.76 ಮೀಟರ್ ಬರಬೇಕು. ಎರಡೂ ಸಮ ಬಂದರೆ ಮೂಲೆಗಳು ನೇರ. ಮೂಲೆಮಟ್ಟ ಇಟ್ಟು ಸಮಾಧಾನ ಪಟ್ಟುಕೊಂಡರೆ 28 ಮೀಟರ್ ಆಚೆ ಗೆರೆ ಒಂದು ಗೇಣು ಓರೆಯಾಗಿರುತ್ತದೆ. ರಿಂಗ್ ಕೂರಿಸಿದ ಬೋರ್ಡಿನ ಮುಖ ಕೊನೆಗೆರೆಯಿಂದ 1.20 ಮೀಟರ್ ಒಳಗೆ, ರಿಂಗಿನ ನಡುಬಿಂದು 1.575 ಮೀಟರ್ ಒಳಗೆ, ಫ್ರೀ ಥ್ರೋ (ಫೌಲಿಗೆ ಪ್ರತಿಯಾಗಿ ಸಿಗುವ ತಡೆಯಿಲ್ಲದ ಎಸೆತ) ಗೆರೆ 5.80ರಲ್ಲಿ. ಮೂರು ಅಂಕದ ಕಮಾನನ್ನು ರಿಂಗಿನ ನಡುಬಿಂದುವಿಂದ ನೆಲಕ್ಕೆ ತೂಗುಗುಂಡು ಇಳಿಸಿ, ಅಲ್ಲಿಂದ 6.75 ಮೀಟರ್ ಹುರಿ ತಿರುಗಿಸಿ ಎಳೆಯಬೇಕು. ಬೋರ್ಡಿನ ಬುಡದಿಂದ ಅಳೆದವರ ಕಮಾನು ಒಂದು ಬದಿಯಲ್ಲಿ ಹತ್ತಿರ, ಇನ್ನೊಂದರಲ್ಲಿ ದೂರ. ಎರಡು ಪಕ್ಕದಲ್ಲಿ ಕಮಾನು ಪಕ್ಕದ ಗೆರೆಯಿಂದ 90 ಸೆಂಟಿಮೀಟರ್ ಒಳಗೆ ನೇರ ಗೆರೆಯಾಗುತ್ತದೆ.

ಹಳೆಯ ಕೋರ್ಟುಗಳು ಎಷ್ಟೋ ಕಡೆ 14 ಮೀಟರ್ ಅಗಲವೇ ಇರುತ್ತವೆ. ಅಲ್ಲಿ 6.75ರ ಕಮಾನು ಹಾಕಿದರೆ ಪಕ್ಕದಲ್ಲಿ ಉಳಿಯುವುದು 25 ಸೆಂಟಿಮೀಟರ್. ಪಾದ ಇಡಲು ಜಾಗವಿಲ್ಲ, ಮೂಲೆಯಿಂದ ಎಸೆದವರೆಲ್ಲ ಔಟ್. ಅಂಥಲ್ಲಿ 2010ರ ತನಕ ಅಂತರರಾಷ್ಟ್ರೀಯ ಆಟದಲ್ಲಿದ್ದ 6.25ರ ಗೆರೆಯನ್ನೇ ಹಾಕಿ. ಪಕ್ಕದಲ್ಲಿ ಮುಕ್ಕಾಲು ಮೀಟರ್ ಉಳಿಯುತ್ತದೆ.

ಬಣ್ಣ ತರುವಾಗ ಎಲ್ಲರೂ ದೊಡ್ಡ ಡಬ್ಬ ತರುತ್ತಾರೆ. ಎಲ್ಲ ಗೆರೆಗಳ ಉದ್ದ ಕೂಡಿದರೆ ಸುಮಾರು 215 ಮೀಟರ್, ಅಗಲ 5 ಸೆಂಟಿಮೀಟರ್. ಒಟ್ಟು ಹರವು 11 ಚದರ ಮೀಟರಿಗಿಂತ ಕಡಿಮೆ. ಎರಡು ಕೋಟಿಗೆ ಮೂರು ಲೀಟರ್ ಅಕ್ರಿಲಿಕ್ ಬಣ್ಣ ಸಾಕು. ಖರ್ಚಾಗುವುದು ಮಾಸ್ಕಿಂಗ್ ಟೇಪು: ಗೆರೆಯ ಎರಡೂ ಬದಿಗೆ ಅಂದರೆ 430 ಮೀಟರ್. ಎರಡನೇ ಕೋಟು ಪೂರ್ತಿ ಒಣಗುವ ಮುನ್ನವೇ ಟೇಪು ಕೀಳಬೇಕು, ಒಣಗಿದ ಮೇಲೆ ಕಿತ್ತರೆ ಅಂಚು ಸಿಪ್ಪೆಯಂತೆ ಏಳುತ್ತದೆ. ಬಯಲು ಕೋರ್ಟಿಗೆ ಬಣ್ಣದಲ್ಲಿ ಒಂದು ಹಿಡಿ ಜರಡಿ ಹಿಡಿದ ಸಣ್ಣ ಮರಳು ಬೆರೆಸಿ. ಇಲ್ಲವಾದರೆ ನಾಲ್ಕು ಹನಿ ಮಳೆ ಬಿದ್ದರೂ ಗೆರೆಯ ಮೇಲೆ ಕಾಲಿಟ್ಟವರು ಜಾರುತ್ತಾರೆ.

ರಿಂಗಿನ ಎತ್ತರ 3.05 ಮೀಟರ್. ಅಳೆಯುವುದು ರಿಂಗಿನ ನೇರ ಕೆಳಗಿನ ನೆಲದಿಂದ. ನೀರು ಹರಿಯಲು ಕೋರ್ಟಿಗೆ ಇಳಿಜಾರು ಕೊಟ್ಟಿರುತ್ತಾರೆ, ಕಂಬದ ಬುಡದಿಂದ ಅಳೆದರೆ ಲೆಕ್ಕ ತಪ್ಪುತ್ತದೆ. ರಿಂಗಿನ ಮೇಲೆ ರಸಮಟ್ಟ ಅಡ್ಡಕ್ಕೂ ಉದ್ದಕ್ಕೂ ಇಟ್ಟು ನೋಡಿ. ಜನ ಜೋತು ಬಿದ್ದು ಮುಂಭಾಗ ಬಾಗಿರುತ್ತದೆ; ಬಾಗಿದ ರಿಂಗಿನಲ್ಲಿ ಬೋರ್ಡಿಗೆ ಬಡಿದು ಬಂದ ಚೆಂಡು ಒಳಗೆ ಬೀಳದೆ ಮುಂದಕ್ಕೆ ಜಾರುತ್ತದೆ, ಆಟಗಾರರು ತಮ್ಮ ಕೈ ಕೆಟ್ಟಿತು ಅಂದುಕೊಳ್ಳುತ್ತಾರೆ. ಬೋಲ್ಟುಗಳನ್ನು ವಾರಕ್ಕೊಮ್ಮೆ ಬಿಗಿಮಾಡಿ, ಬಿಗಿಮಾಡಿದ ಮೇಲೆ ಬೋಲ್ಟಿನಿಂದ ತಟ್ಟೆಗೆ ಬಣ್ಣದ ಒಂದು ಗೀರು ಎಳೆಯಿರಿ. ಮುಂದಿನ ವಾರ ಗೀರು ಸರಿದಿದ್ದರೆ ಸಡಿಲವಾಗಿದೆ ಅಂತ ಕೆಳಗಿನಿಂದಲೇ ಕಾಣುತ್ತದೆ. ನೆಟ್ ಹನ್ನೆರಡು ಕೊಕ್ಕೆಗೆ ಸಿಕ್ಕಿಸುವಂಥದ್ದು, ಎರಡು ಜೊತೆ ಹೆಚ್ಚಿಗೆ ಇರಲಿ. ನೆಟ್ ಹರಿದಿದ್ದರೆ ಚೆಂಡು ಒಳಗಿಂದ ಹೋಯಿತೋ ಹೊರಗಿಂದ ಹೋಯಿತೋ ಅನ್ನುವ ಜಗಳ ಖಾತ್ರಿ. ಕಂಬಕ್ಕೆ ಆಳೆತ್ತರ ಮೀರುವಂತೆ ದಪ್ಪ ಫೋಮ್ ಸುತ್ತಿ, ಗೆರೆಯ ಸುತ್ತ ಎರಡು ಮೀಟರ್ ಖಾಲಿ ಬಿಡಿ. ನೋಡುವವರ ಕುರ್ಚಿ, ಬ್ಯಾಗು, ಬಾಟಲಿ ಏನೂ ಆ ಎರಡು ಮೀಟರಿನಲ್ಲಿ ಇರಬಾರದು. ಕಣಕಾಲು ಉಳುಕುವುದು ಹೇಗೂ ತಪ್ಪುವುದಿಲ್ಲ, ಬಾಟಲಿಯ ಮೇಲೆ ಕಾಲಿಟ್ಟು ಉಳುಕುವುದನ್ನಾದರೂ ತಪ್ಪಿಸಬಹುದು.

ಸ್ಕೋರರ್ ಮೇಜು

ಮೇಜಿಗೆ ನಾಲ್ವರು: ಸ್ಕೋರ್‌ಶೀಟ್ ಬರೆಯುವವರು, ಅಂಕ ತೋರಿಸುವ ಬೋರ್ಡ್ ಬದಲಿಸುವವರು, ಗಡಿಯಾರ ನೋಡುವವರು, 24 ಸೆಕೆಂಡ್ (ಚೆಂಡು ಸಿಕ್ಕ ತಂಡ ರಿಂಗಿಗೆ ಎಸೆಯಲು ಇರುವ ಗಡುವು) ನೋಡುವವರು. ತಂಡಗಳಿಂದಲೇ ಇಬ್ಬಿಬ್ಬರನ್ನು ಕೇಳುವುದು ವಾಡಿಕೆ. ಮುಂದಿನ ಪಂದ್ಯ ಆಡುವ ತಂಡದವರನ್ನು ಕೂರಿಸಿದರೆ ನಾಲ್ಕನೇ ಕ್ವಾರ್ಟರಿನಲ್ಲಿ, ಅಂದರೆ ಮೇಜಿನ ಕೆಲಸ ಬಿಗಿಯಾಗುವ ಹೊತ್ತಿಗೇ, ವಾರ್ಮ್‌ಅಪ್ ಅಂತ ಎದ್ದು ಹೋಗುತ್ತಾರೆ. ಆಡಿ ಮುಗಿಸಿದ ತಂಡದವರೇ ಸರಿ. ದಣಿದಿರುತ್ತಾರೆ, ಆದರೆ ಕೂತಿರುತ್ತಾರೆ. ಯಾವ ತಂಡಕ್ಕೆ ಯಾವ ದಿನ ಮೇಜು ಅನ್ನುವುದು ವೇಳಾಪಟ್ಟಿಯಲ್ಲೇ ಅಚ್ಚಾಗಿರಬೇಕು. ಮೊದಲ ಪಂದ್ಯದ ಮೇಜಿಗೆ ಮಾತ್ರ ಲೀಗಿನವರೇ. ತಪ್ಪಿಸಿಕೊಂಡ ತಂಡಕ್ಕೆ ಅಂಕಪಟ್ಟಿಯಲ್ಲಿ ಒಂದು ಅಂಕ ಕಡಿತ. ಗೆದ್ದರೆ 2, ಸೋತರೆ 1, ಬಾರದಿದ್ದರೆ 0 ಇರುವ ಪಟ್ಟಿಯಲ್ಲಿ ಒಂದು ಅಂಕ ಚೆನ್ನಾಗಿಯೇ ಕಚ್ಚುತ್ತದೆ.

ಸ್ಕೋರ್‌ಶೀಟಿನ ನಡುವೆ 1, 2, 3 ಅಂತ ಏರುತ್ತಾ ಹೋಗುವ ಅಂಕಗಳ ಕಂಬಗಳಿವೆ. ತಂಡ 14ರಲ್ಲಿದ್ದು 7ನೇ ನಂಬರಿನವರು ಎರಡು ಅಂಕ ಹಾಕಿದರೆ 16ರ ಮೇಲೆ ಓರೆಗೆರೆ, ಪಕ್ಕದಲ್ಲಿ 7. ಫ್ರೀ ಥ್ರೋ ಆದರೆ ಗೆರೆಯ ಬದಲು ತುಂಬಿದ ಚುಕ್ಕೆ. ಮೂರು ಅಂಕವಾದರೆ 17ರ ಮೇಲೆ ಓರೆಗೆರೆ, 7ರ ಸುತ್ತ ಸೊನ್ನೆ. ಮೊದಲ ಮತ್ತು ಮೂರನೇ ಕ್ವಾರ್ಟರಿಗೆ ಕೆಂಪು ಪೆನ್ನು, ಎರಡು ಮತ್ತು ನಾಲ್ಕಕ್ಕೆ ನೀಲಿ ಅಥವಾ ಕಪ್ಪು. ಬಣ್ಣ ಬದಲಿಸುವುದು ಶೋಕಿಗಲ್ಲ: ಆಮೇಲೆ ತಕರಾರು ಬಂದಾಗ ತಪ್ಪು ಯಾವ ಕ್ವಾರ್ಟರಿನದು ಅಂತ ಒಂದೇ ನೋಟಕ್ಕೆ ಸಿಗುತ್ತದೆ. ಪೆನ್ಸಿಲ್ ಮೇಜಿನ ಮೇಲೇ ಇರಬಾರದು.

ತಪ್ಪು ಆಗುವುದು ಹೀಗೆ. ಬರೆಯುವವರು ತಲೆಯೆತ್ತಿ ಬೋರ್ಡ್ ನೋಡಿ, ಅಲ್ಲಿದ್ದ ಅಂಕವನ್ನೇ ಶೀಟಿಗೆ ಇಳಿಸುತ್ತಾರೆ. ಬೋರ್ಡಿನವರು ಶೀಟನ್ನು ನಂಬಿ ಕೂತಿರುತ್ತಾರೆ. ಇಬ್ಬರೂ ಒಬ್ಬರನ್ನೊಬ್ಬರು ನೋಡುತ್ತಿರುವಾಗ ಒಂದು ಫ್ರೀ ಥ್ರೋ ಸದ್ದಿಲ್ಲದೆ ಜಾರಿಹೋಗುತ್ತದೆ. ನಾವು ಇಟ್ಟುಕೊಂಡ ಪದ್ಧತಿ ಇಷ್ಟು: ಶೀಟೇ ಯಜಮಾನ, ಬೋರ್ಡ್ ಅದರ ನೆರಳು. ಬರೆಯುವವರು ಬರೆದ ಮೇಲೆ 'ಕೆಂಪು ಏಳು, ಎರಡು, ಹದಿನಾರು' ಅಂತ ಗಟ್ಟಿಯಾಗಿ ಹೇಳಬೇಕು, ಬೋರ್ಡಿನವರು 'ಹದಿನಾರು' ಅಂತ ಮರುನುಡಿದು ಬದಲಿಸಬೇಕು. ಪ್ರತಿ ಕ್ವಾರ್ಟರ್ ಮುಗಿದಾಗ ಇಬ್ಬರು ನಾಯಕರನ್ನೂ ಕರೆದು ಮೊತ್ತ ತೋರಿಸಿ. ಅರ್ಧ ನಿಮಿಷದ ಕೆಲಸ. ಕೊನೆಯಲ್ಲಿ ಬರುವ ಜಗಳಗಳಲ್ಲಿ ಮುಕ್ಕಾಲು ಪಾಲು ಇಲ್ಲೇ ಬಗೆಹರಿಯುತ್ತವೆ.

ಫೌಲಿನ ಮನೆಗಳಲ್ಲಿ ಎಡವಟ್ಟು ಇನ್ನೂ ಹೆಚ್ಚು. ಆಟಗಾರನಿಗೆ ಐದು ಫೌಲಾದರೆ ಹೊರಗೆ. ತಂಡಕ್ಕೆ ಕ್ವಾರ್ಟರಿಗೆ ನಾಲ್ಕು ಮನೆ. ಐದನೆಯದರಿಂದ ಎದುರಾಳಿಗೆ ಎರಡು ಫ್ರೀ ಥ್ರೋ. ಚೆಂಡು ತಮ್ಮ ಹತ್ತಿರ ಇರುವಾಗ ಮಾಡಿದ ಫೌಲೂ ತಂಡದ ಲೆಕ್ಕಕ್ಕೆ ಸೇರುತ್ತದೆ, ಆದರೆ ಅದಕ್ಕೆ ಫ್ರೀ ಥ್ರೋ ಇಲ್ಲ. ಫ್ರೀ ಥ್ರೋ ಕೊಡಲಿಲ್ಲವಲ್ಲ ಅಂತ ಹೊಸಬರು ಅದನ್ನು ಮನೆಗೇ ಬರೆಯುವುದಿಲ್ಲ. ಬೆಂಚಿಗೆ ಅಥವಾ ಕೋಚ್‌ಗೆ ಕೊಟ್ಟ ಟೆಕ್ನಿಕಲ್ (ಮೈ ತಾಗಿದ್ದಕ್ಕಲ್ಲ, ನಡತೆಗೆ ಬೀಳುವ ಫೌಲು) ಇದಕ್ಕೆ ತದ್ವಿರುದ್ಧ: ಅದು ತಂಡದ ನಾಲ್ಕರ ಲೆಕ್ಕಕ್ಕೆ ಸೇರುವುದಿಲ್ಲ, ಅದನ್ನು ಬರೆದುಬಿಡುತ್ತಾರೆ.

ಇನ್ನು ಮೇಜಿನ ಮೇಲಿನ ಸರದಿ ಬಾಣದ ಮಾತು. ಇಬ್ಬರೂ ಚೆಂಡು ಹಿಡಿದು ಬಿಗಿಯಾದಾಗ ಬಾಣ ಯಾರ ಕಡೆ ಇದೆಯೋ ಅವರಿಗೆ ಚೆಂಡು. ಸೀಟಿ ಕೇಳಿದ ತಕ್ಷಣ ಬಾಣ ತಿರುಗಿಸಿಬಿಡುವುದು ಎಲ್ಲರೂ ಮಾಡುವ ತಪ್ಪು. ರೆಫರಿ ತಿರುಗಿ ನೋಡಿದಾಗ ಬಾಣ ಎದುರಾಳಿಯ ಕಡೆ ತೋರಿಸುತ್ತಿರುತ್ತದೆ. ಚೆಂಡು ಒಳಗೆ ಎಸೆದು ಕೋರ್ಟಿನಲ್ಲಿ ಒಬ್ಬರನ್ನು ಮುಟ್ಟಿದ ಮೇಲೆ ತಿರುಗಿಸಬೇಕು.

24 ಸೆಕೆಂಡಿನ ಉಪಕರಣ ಇಲ್ಲದಿದ್ದರೆ ಸ್ಟಾಪ್‌ವಾಚ್ ಸಾಕು. ಹತ್ತು ಉಳಿದಾಗ 'ಹತ್ತು' ಅಂತ ಕೂಗಿ ಕೈ ಎತ್ತುವುದು, ಐದರಿಂದ ಎಣಿಸುವುದು. ಚೆಂಡು ರಿಂಗಿಗೆ ತಾಗಿ ಎಸೆದ ತಂಡಕ್ಕೇ ಮರಳಿ ಸಿಕ್ಕರೆ 14ಕ್ಕೆ ಮರಳುತ್ತದೆ, 24ಕ್ಕಲ್ಲ. ಬರೀ ರಿಂಗಿನ ಹಿಂದಿನ ಬೋರ್ಡಿಗೆ ತಾಗಿದರೆ ಏನೂ ಬದಲಾಗುವುದಿಲ್ಲ. ಈ ಕೊನೆಯದನ್ನು ಮೇಜಿಗೆ ಅಂಟಿಸಿಟ್ಟರೂ ಮೊದಲ ಎರಡು ವಾರ ತಪ್ಪಾಗುತ್ತದೆ, ಕಿವಿ ಬೋರ್ಡಿನ ಸದ್ದಿಗೆ ಬೆರಳು ಒತ್ತಿಸಿಬಿಡುತ್ತದೆ.

ಎರಡು ತಂಡ ಅಂಕದಲ್ಲಿ ಸಮವಾದರೆ ಅವೆರಡರ ನಡುವಿನ ಪಂದ್ಯ ಗೆದ್ದವರು ಮೇಲೆ. ಮೂರು ತಂಡ ಸಮವಾದರೆ ಆ ಮೂರರ ನಡುವಿನ ಪಂದ್ಯಗಳನ್ನಷ್ಟೇ ತೆಗೆದು ಚಿಕ್ಕ ಪಟ್ಟಿ ಮಾಡಿ ಗೆಲುವು, ಆಮೇಲೆ ಅಂಕಗಳ ಅಂತರ ನೋಡಬೇಕು. ಇದನ್ನು ಮೊದಲ ದಿನವೇ ಹೇಳಿಬಿಡಿ.

ರೆಫರಿ, ಶಿಸ್ತು

ಪಂದ್ಯಕ್ಕೆ ಇಬ್ಬರು ರೆಫರಿಗಳು, ಸಂಜೆಗೆ ನಾಲ್ವರು, ಒಂದು ಬಿಟ್ಟು ಒಂದು ಪಂದ್ಯ. ಇಬ್ಬರೇ ನಾಲ್ಕೂ ಊದಿದರೆ ಮೂರನೆಯದರಿಂದ ಓಡುವುದು ನಿಂತು ನಡುಗೆರೆಯಿಂದಲೇ ತೀರ್ಪು ಬರುತ್ತದೆ. ಅವರ ಸಂಭಾವನೆ ಅದೇ ರಾತ್ರಿ ಕೈಗೆ ಸೇರಬೇಕು. ಲೀಗ್ ಮುಗಿದ ಮೇಲೆ ಕೊಡೋಣ ಅನ್ನುವ ಕಡೆ ಐದನೇ ವಾರ ರೆಫರಿಯ ಫೋನು ಸ್ವಿಚ್ ಆಫ್. ಹೊಸ ರೆಫರಿಗಳನ್ನು ಬೆಳೆಸುವ ದಾರಿ ಮೇಜಿನಿಂದ ಶುರು: ಒಂದು ಬೇಸಿಗೆ ಸ್ಕೋರ್‌ಶೀಟ್, ಮುಂದಿನ ಬೇಸಿಗೆ ಚಿಕ್ಕ ಮಕ್ಕಳ ಪಂದ್ಯಗಳಿಗೆ ಅನುಭವಸ್ಥರ ಜೊತೆ ಸೀಟಿ. ನೇರ ಸೀಟಿ ಕೊಟ್ಟರೆ ಎಲ್ಲಕ್ಕೂ ಊದುತ್ತಾರೆ, ಇಲ್ಲ ಯಾವುದಕ್ಕೂ ಊದುವುದಿಲ್ಲ.

ಶಿಸ್ತಿನ ನಿಯಮ ಒಂದು ಪುಟ ಮೀರಬಾರದು. ಎರಡು ಟೆಕ್ನಿಕಲ್ ಆದರೆ ಆ ಪಂದ್ಯದಿಂದ ಹೊರಗೆ, ಮುಂದಿನ ಪಂದ್ಯವೂ ಇಲ್ಲ. ಕೈ ಮಿಲಾಯಿಸಿದಾಗ ಬೆಂಚಿನಿಂದ ಎದ್ದು ಒಳಗೆ ನುಗ್ಗಿದವರೆಲ್ಲ ಹೊರಗೆ, 'ಬಿಡಿಸಲು ಹೋದೆ' ಅನ್ನುವ ಮಾತು ನಡೆಯುವುದಿಲ್ಲ. ರೆಫರಿಯ ಕಣ್ಣಳತೆಯ ತೀರ್ಪಿನ ಮೇಲೆ ದೂರು ಇಲ್ಲ. ಪಟ್ಟಿಯಲ್ಲಿಲ್ಲದ ಆಟಗಾರ, ಮೇಜಿನ ಎಣಿಕೆಯ ತಪ್ಪು, ಇವೆರಡಕ್ಕೆ ಮಾತ್ರ ಬರಹದಲ್ಲಿ. ತೀರ್ಮಾನಿಸುವ ಮೂವರಲ್ಲಿ ಆ ಎರಡು ತಂಡದವರು ಯಾರೂ ಇರಬಾರದು, 48 ಗಂಟೆಯೊಳಗೆ ಮುಗಿಯಬೇಕು. ಅಡ್ಡಗೋಡೆ ಮೇಲೆ ದೀಪ ಇಟ್ಟಂಥ ತೀರ್ಪು ಕೊಟ್ಟರೆ ಎರಡೂ ತಂಡ ಮುನಿಯುತ್ತವೆ.

ಬಿಸಿಲು, ಗುಡುಗು

ಬಿಸಿಲು ಹೀರಿದ ಡಾಂಬರಿನ ನೆಲ ಸಂಜೆಯೂ ಕಾಯುತ್ತಿರುತ್ತದೆ. ಪಂದ್ಯಕ್ಕೆ 20 ಲೀಟರ್ ನೀರು, ಮಂಜುಗಡ್ಡೆಯ ಪೆಟ್ಟಿಗೆ, ಒದ್ದೆ ಟವೆಲ್. ವಿಪರೀತ ಸೆಕೆಯಿದ್ದರೆ ಪ್ರತಿ ಕ್ವಾರ್ಟರಿನ ನಡುವೆ ಗಡಿಯಾರ ನಿಲ್ಲಿಸಿ ಒಂದು ನಿಮಿಷ ನೀರಿಗೆ ಬಿಡುತ್ತೇವೆ, ಇದನ್ನು ಟೈಮ್‌ಔಟ್ ಲೆಕ್ಕಕ್ಕೆ ಸೇರಿಸುವುದಿಲ್ಲ. ಸ್ನಾಯು ಸೆಳೆತ, ತಲೆಸುತ್ತು ಬಂದವರನ್ನು ನೆರಳಲ್ಲಿ ಮಲಗಿಸಿ ನೀರು ಕೊಟ್ಟರೆ ಸುಧಾರಿಸುತ್ತಾರೆ. ಮಾತು ತೊದಲುವುದು, ಎಲ್ಲಿದ್ದೇನೆ ಅಂತ ತಿಳಿಯದಿರುವುದು, ವಿಚಿತ್ರವಾಗಿ ರೇಗುವುದು ಕಂಡರೆ ಮಾತ್ರ ಅದು ಬೇರೆಯೇ: ಒಳಮೈ ಉಷ್ಣತೆ 40 ಡಿಗ್ರಿ ದಾಟಿರಬಹುದು. ಆಂಬ್ಯುಲೆನ್ಸ್‌ಗೆ ಕರೆ ಮಾಡಿ, ಅದು ಬರುವ ತನಕ ಕಾಯದೆ ಅಲ್ಲೇ ತಣ್ಣೀರಿನ ತೊಟ್ಟಿಯಲ್ಲಿ ಕತ್ತಿನವರೆಗೆ ಕೂರಿಸಿ, ತಲೆ ಹಿಡಿದುಕೊಂಡಿರಿ. ಮೊದಲು ತಂಪು, ಆಮೇಲೆ ಸಾಗಣೆ. ಮಕ್ಕಳು ಆಡುವ ಪ್ಲಾಸ್ಟಿಕ್ ತೊಟ್ಟಿ ಒಂದು ಕೋರ್ಟಿನ ಪಕ್ಕ ಇದ್ದರೆ ಸಾಕು.

ಗುಡುಗು ಕೇಳಿದರೆ ಆಟ ನಿಲ್ಲಿಸಿ ಎಲ್ಲರೂ ಕಟ್ಟಡದ ಒಳಗೆ. ಕೊನೆಯ ಗುಡುಗಿನಿಂದ 30 ನಿಮಿಷ ಕಳೆಯದೆ ಮತ್ತೆ ಶುರುವಿಲ್ಲ. ನಿಂತ ಪಂದ್ಯದ ಅಂಕ, ಗಡಿಯಾರ, ಫೌಲು, ಬಾಣದ ದಿಕ್ಕು ಇಷ್ಟನ್ನು ಶೀಟಿನ ಕೆಳಗೆ ಬರೆದು ಇಬ್ಬರು ನಾಯಕರ ಸಹಿ ಹಾಕಿಸಿ.

ಹಿಂದಿನವರು ಮಾಡಿದ್ದು

ಬೇಸಿಗೆ ಲೀಗುಗಳ ಚರಿತ್ರೆ ಅಂದಾಗ ಬರುವ ಮೊದಲ ಹೆಸರು ಹೋಲ್ಕೋಂಬ್ ರಕರ್ ಅವರದು. ನ್ಯೂಯಾರ್ಕ್ ನಗರದ ಉದ್ಯಾನ ಇಲಾಖೆಯ ನೌಕರ. 1950ರಲ್ಲಿ ಹಾರ್ಲೆಮ್‌ನ ಬಯಲು ಕೋರ್ಟಿನಲ್ಲಿ ಹುಡುಗರಿಗಾಗಿ ಶುರು ಮಾಡಿದ ಟೂರ್ನಿ ಮುಂದೆ ವೃತ್ತಿಪರರನ್ನೂ ಸೆಳೆಯಿತು. 'ಒಬ್ಬೊಬ್ಬರೂ ಒಬ್ಬರಿಗೆ ಕಲಿಸಿ' ಅವರ ಧ್ಯೇಯವಾಕ್ಯ, ಆಟದ ಜೊತೆಗೆ ಓದನ್ನೂ ಕೇಳುತ್ತಿದ್ದರು. 1965ರಲ್ಲಿ ತೀರಿಕೊಂಡರು. 155ನೇ ಬೀದಿಯ ಆಟದ ಮೈದಾನಕ್ಕೆ ಅವರ ಹೆಸರು ಬಂದದ್ದು 1974ರಲ್ಲಿ. 2011ರ ಆಗಸ್ಟಿನಲ್ಲಿ, ಅಮೆರಿಕದ ವೃತ್ತಿಪರ ಲೀಗ್ ಎನ್‌ಬಿಎಯ ಮಾಲೀಕರು ಆಟಗಾರರಿಗೆ ಬೀಗಮುದ್ರೆ ಹಾಕಿದ್ದ ಬೇಸಿಗೆಯಲ್ಲಿ, ಅದರ ತಾರೆ ಕೆವಿನ್ ಡ್ಯುರಾಂಟ್ ಅಲ್ಲಿ ಒಂದೇ ಪಂದ್ಯದಲ್ಲಿ 66 ಅಂಕ ಹಾಕಿದರು. ಎಲ್ಲರಿಗೂ ನೆನಪಿರುವುದು ಆ 66. ಅದು ಸಾಧ್ಯವಾದದ್ದು ಅರವತ್ತು ಬೇಸಿಗೆ ಅಲ್ಲಿ ಯಾರೋ ಒಬ್ಬರು ಮೇಜು ಹಾಕಿ ಕೂತಿದ್ದರಿಂದ.

ಫಿಲಡೆಲ್ಫಿಯಾದಲ್ಲಿ ಸಾನಿ ಹಿಲ್ 1960ರಲ್ಲಿ ವೃತ್ತಿಪರರಿಗಾಗಿ ಬೇಕರ್ ಲೀಗ್ ಕಟ್ಟಿದರು, 1968ರಲ್ಲಿ ಹದಿಹರೆಯದವರಿಗೆ ಬೇರೆ ಲೀಗ್ ಮಾಡಿದರು. ಎರಡೂ ಒಂದೇ ಊರಲ್ಲಿ ಇದ್ದದ್ದೇ ಅದರ ಚೆಂದ, ಎಳೆಯರು ಆಡುವುದೂ ನೋಡುವುದೂ ಒಟ್ಟಿಗೇ. ಲಾಸ್ ಏಂಜಲೀಸ್‌ನ ಡ್ರೂ ಲೀಗ್ 1973ರಲ್ಲಿ ಚಾರ್ಲ್ಸ್ ಡ್ರೂ ಜೂನಿಯರ್ ಹೈಸ್ಕೂಲಿನ ಜಿಮ್ಮಿನಲ್ಲಿ ಆಲ್ವಿನ್ ವಿಲ್ಲಿಸ್ ಅವರಿಂದ ಶುರುವಾಯಿತು. 1985ರಿಂದ ಡಿನೋ ಸ್ಮೈಲಿ ಅದರ ಹೊಣೆ ಹೊತ್ತರು. ಜಿಮ್ ಬದಲಾಯಿತು, ಹೆಸರು ಉಳಿಯಿತು. ಹಣ ಕೊಟ್ಟವರ ಹೆಸರನ್ನೇ ಲೀಗಿಗೆ ಇಟ್ಟುಬಿಡುವವರು ಇದನ್ನು ಗಮನಿಸಬೇಕು. ಪ್ರಾಯೋಜಕರ ಹೆಸರು ಜೆರ್ಸಿಯ ಮೇಲಿರಲಿ. ಲೀಗಿನ ಹೆಸರು ಪ್ರತಿ ಎರಡು ವರ್ಷಕ್ಕೆ ಬದಲಾದರೆ ಹಿಂದಿನ ದಾಖಲೆ ಯಾವ ಲೀಗಿನದು ಅಂತಲೇ ತಿಳಿಯುವುದಿಲ್ಲ.

ಮೇರಿಲ್ಯಾಂಡಿನ ಗ್ಲೆನಾರ್ಡನ್‌ನಲ್ಲಿ ಜಿ. ವ್ಯಾನ್ ಸ್ಟ್ಯಾಂಡಿಫರ್ 1986ರಲ್ಲಿ ನಡುರಾತ್ರಿ ಬ್ಯಾಸ್ಕೆಟ್‌ಬಾಲ್ ಆರಂಭಿಸಿದರು. ರಾತ್ರಿ 10ಕ್ಕೆ ಮೊದಲು ಆಟವಿಲ್ಲ, ಆಡುವವರು 17ರಿಂದ 21ರ ವಯಸ್ಸಿನವರು, ಸಮವಸ್ತ್ರದ ಪೊಲೀಸರು ಹಾಜರಿರಬೇಕು. ಅಪರಾಧ ತಗ್ಗಿಸುವ ಉಪಾಯ ಅಂತ ಅದು ಅಮೆರಿಕದ ತುಂಬಾ ಹರಡಿತು, 1994ರ ಅಪರಾಧ ಮಸೂದೆಯ ಚರ್ಚೆಯಲ್ಲಿ ರಾಜಕಾರಣಿಗಳ ಲೇವಡಿಗೂ ಗುರಿಯಾಯಿತು. ನಾನು ಅದರಿಂದ ಕಲಿತದ್ದು, ಹಣ ಕೇಳುವಾಗ ದೊಡ್ಡ ಭರವಸೆ ಕೊಡಬಾರದು ಅನ್ನುವುದು. ವಾರಕ್ಕೆ ಎರಡು ಸಂಜೆಯ ಲೀಗ್ ಅಪರಾಧ ತಗ್ಗಿಸಿತು ಅಂತ ಸಾಬೀತು ಮಾಡುವುದು ನಮ್ಮಂಥವರ ಕೈಲಾಗದು.

ಏನಾಯಿತು ಅಂತ ಎಣಿಸುವುದು

ಎಣಿಸಬಹುದಾದ್ದನ್ನು ಎಣಿಸಿ. ಹೋದ ವರ್ಷ ಆಡಿದವರಲ್ಲಿ ಎಷ್ಟು ಜನ ಮರಳಿದರು. ಮೇಜಿನಲ್ಲಿ ಮೊದಲ ಸಲ ಕೂತವರು ಎಷ್ಟು, ಅವರಲ್ಲಿ ಸೀಟಿಗೆ ಬಡ್ತಿ ಪಡೆದವರು ಎಷ್ಟು. ತಮ್ಮ ಪಂದ್ಯ ಇಲ್ಲದ ದಿನವೂ ಬಂದು ಕೂತ ಆಟಗಾರರು ಎಷ್ಟು. ಎಲ್ಲಕ್ಕಿಂತ ಮುಖ್ಯ, ತಂಡ ಬಾರದೆ 20-0 ಅಂತ ಬರೆದ ಪಂದ್ಯಗಳು ಎಷ್ಟು, ಯಾವ ವಾರ. ಈ ಒಂದು ಅಂಕಿ ಲೀಗಿನ ನಾಡಿ. ಬಹುಮಟ್ಟಿಗೆ ನಾಲ್ಕನೇ ಅಥವಾ ಐದನೇ ವಾರ ಏರುತ್ತದೆ, ಸೆಮಿಫೈನಲ್ ಆಸೆ ಬಿಟ್ಟ ತಂಡಗಳಿಂದ. ಅದಕ್ಕೆ ಮದ್ದು ಎರಡು. ನಿಯಮದಂತೆ ಐವರಿಲ್ಲದೆ ಶುರು ಮಾಡುವಂತಿಲ್ಲ, ನಾವು ನಾಲ್ವರಿಗೂ ಬಿಡುತ್ತೇವೆ. ತಂಡ ಸಿಗದೆ ಉಳಿದವರ ಒಂದು ಪಟ್ಟಿ ಮೇಜಿನಲ್ಲಿರುತ್ತದೆ, ಐದು ತುಂಬುವಷ್ಟು ಮಾತ್ರ ಅದರಿಂದ ಸಾಲ ಪಡೆಯಬಹುದು. ಎರಡನೆಯದು, ಎಂಟೂ ತಂಡಕ್ಕೆ ಕೊನೆಯ ವಾರ ಪಂದ್ಯ ಇರುವಂತೆ 5ರಿಂದ 8ನೇ ಸ್ಥಾನದವರಿಗೂ ಒಂದೊಂದು ಸ್ಥಾನನಿರ್ಣಯದ ಆಟ: 31ರ ಜೊತೆ ಎರಡು ಪಂದ್ಯ ಹೆಚ್ಚು, ಅಷ್ಟೇ.

ಆಡದವರ ಮೇಲಿನ ಪರಿಣಾಮವೂ ಪರಿಣಾಮವೇ. ಸುತ್ತಲಿನ ಮನೆಯವರಿಗೆ ವೇಳಾಪಟ್ಟಿಯ ಪ್ರತಿ ಮೊದಲೇ ಕೊಡಿ, ದೀಪ ಆರುವ ಹೊತ್ತನ್ನು ಅದರಲ್ಲಿ ಬರೆದು ಅದೇ ನಿಮಿಷಕ್ಕೆ ಆರಿಸಿ. ಗಡಿಯಾರದ ಹಾರ್ನ್ ಬದಲು ಸೀಟಿ. ಧ್ವನಿವರ್ಧಕ ಇದ್ದರೆ ಅದರ ಮುಖ ಕೋರ್ಟಿನ ಕಡೆಗೆ. ಕೊನೆಯ ಪಂದ್ಯ ಹೊತ್ತು ಮೀರಿದರೆ ಅಲ್ಲಿಗೇ ನಿಲ್ಲಿಸಿ ಮುಂದಿನ ವಾರ ಮುಂದುವರಿಸುತ್ತೇವೆ. ಆಟಗಾರರು ಗೊಣಗುತ್ತಾರೆ, ಆದರೆ ಕೋರ್ಟು ಕೈತಪ್ಪುವುದು ಪಕ್ಕದ ಮನೆಯ ಒಂದು ದೂರಿನಿಂದ.

ಶೀಟುಗಳನ್ನು ಕಾಯುವುದು ಕಡೆಯ ಕೆಲಸ. ಪ್ರತಿ ಶೀಟನ್ನೂ ಅದೇ ರಾತ್ರಿ ಬೆಳಕಿನ ಕೆಳಗೆ ಚಪ್ಪಟೆಯಾಗಿಟ್ಟು ಫೋಟೋ ತೆಗೆದು, ಫೈಲಿಗೆ ದಿನಾಂಕ ಮತ್ತು ಎರಡು ತಂಡದ ಹೆಸರು ಕೊಡಿ. ಆಮೇಲೆ ಒಂದು ಕೋಷ್ಟಕ: ಒಬ್ಬ ಆಟಗಾರನ ಒಂದು ಪಂದ್ಯಕ್ಕೆ ಒಂದು ಸಾಲು, ದಿನಾಂಕ, ತಂಡ, ನಂಬರು, ಹೆಸರು, ಅಂಕ, ಫೌಲು. ತಂಡಕ್ಕೆ ಒಂಬತ್ತು ಜನರಂತೆ 28 ಪಂದ್ಯಕ್ಕೆ 504 ಸಾಲು; ವಾರಕ್ಕೊಮ್ಮೆ ಕೂತರೆ ಅರ್ಧ ಗಂಟೆ, ಕೊನೆಗೆ ಒಟ್ಟಿಗೆ ಅಂತ ಬಿಟ್ಟರೆ ಯಾರೂ ಮಾಡುವುದಿಲ್ಲ. ಹೆಸರು ಪ್ರತಿ ಸಲ ಒಂದೇ ಥರ ಬರೆಯಿರಿ. ಅಡ್ಡಹೆಸರು, ಇನಿಷಿಯಲ್ಲು ಅಂತ ಮೂರು ಥರ ಬರೆದರೆ ಕೋಷ್ಟಕದಲ್ಲಿ ಒಬ್ಬರೇ ಮೂವರಾಗುತ್ತಾರೆ. ಕಾಗದದ ಶೀಟುಗಳನ್ನು ರಬ್ಬರ್ ಬ್ಯಾಂಡಿನಲ್ಲಿ ಕಟ್ಟಬೇಡಿ, ಎರಡು ಬೇಸಿಗೆಯಲ್ಲಿ ಅದು ಕರಗಿ ಮೊದಲ ಪುಟಕ್ಕೆ ಮೆತ್ತಿಕೊಳ್ಳುತ್ತದೆ. ಹತ್ತಿಯ ದಾರ, ರಟ್ಟಿನ ಪೆಟ್ಟಿಗೆ, ಮೇಲೆ ಇಸವಿ. ಫೈನಲ್ ರಾತ್ರಿ ನೆಟ್ ಬಿಚ್ಚಿ ಅದೇ ಪೆಟ್ಟಿಗೆಗೆ ಹಾಕುತ್ತೇವೆ.